ನಿನ್ನ ಸರದಿ ಬಂದಾಗ

ಪ್ರೀತಿಯ ಪುಟ್ಟಿ,

ವೇದಿಕೆಯ ಮೇಲೆ ನಿನಗೆ ಸಿಗುವ ಜಾಗ ಚಿಕ್ಕದಿರಬಹುದು, ಆದರೆ ಆ ಜಾಗದಲ್ಲಿ ನೀನು ಮಾಡುವ ಕೆಲಸ ಚಿಕ್ಕದಾಗಬಾರದು. ಹೇಳಬೇಕಾದ್ದನ್ನು ಮೊದಲೇ ಹೇಳಿಬಿಟ್ಟೆ. ಉಳಿದದ್ದನ್ನು ಪುರುಸೊತ್ತಾದಾಗ ಓದು.

ಮೊನ್ನೆ ಫೋನಿನಲ್ಲಿ ನೀನು ಹೇಳಿದ್ದನ್ನೆಲ್ಲ ಕೇಳಿಸಿಕೊಂಡೆ. ರಸಮಂಜರಿ ಕಾರ್ಯಕ್ರಮದಲ್ಲಿ ದೊಡ್ಡ ಗಾಯಕಿಗೆ ಸಾಲು ಸಾಲು ಹಾಡು, ನಿನಗೆ ಕೋರಸ್ಸು ಮತ್ತು ಒಂದು ಯುಗಳಗೀತೆಯ ಅರ್ಧ. ಸಾಲದ್ದಕ್ಕೆ 'ಡ್ಯಾನ್ಸೂ ಬರುತ್ತಲ್ಲ, ಹಿಂದೆ ನಿಂತು ಎರಡು ಸ್ಟೆಪ್ ಹಾಕಮ್ಮ' ಎಂಬ ಅಪ್ಪಣೆ. ಪೋಸ್ಟರಿನಲ್ಲಿ ಹೆಸರೇ ಇಲ್ಲ. ಬೇಜಾರಾಗದೆ ಇರುತ್ತದೆಯೇ? ನಿನ್ನನ್ನು ಸಮಾಧಾನ ಮಾಡುವುದಕ್ಕೆ ಈ ಕಾಗದ ಬರೆಯುತ್ತಿಲ್ಲ. ನಿನ್ನ ಹಾಗೆಯೇ ಹಾಡುತ್ತಿದ್ದ, ಕುಣಿಯುತ್ತಿದ್ದ ಒಬ್ಬಳ ಕಥೆ ನಿನಗೆ ಗೊತ್ತಿರಲಿ ಅಂತ ಬರೆಯುತ್ತಿದ್ದೇನೆ. ಅವಳ ಹೆಸರು ಐವಿ ಆಂಡರ್ಸನ್.

ಅಮೆರಿಕದ ಜಾಝ್ ತಂಡದ ಯಜಮಾನ ಡ್ಯೂಕ್ ಎಲಿಂಗ್ಟನ್ ಹೆಸರನ್ನು ಕೇಳಿದವರು ಬೇಕಾದಷ್ಟು ಜನ ಇದ್ದಾರೆ. ಅವನ ತಂಡದಲ್ಲಿ ಹನ್ನೊಂದು ವರ್ಷ ಹಾಡಿದ ಈಕೆಯ ಹೆಸರನ್ನು ಕೇಳಿದವರು ಕಡಿಮೆ. ನಾನೂ ಅವಳನ್ನು ಹುಡುಕಿಕೊಂಡು ಹೋಗಿರಲಿಲ್ಲ. ನಿನ್ನ ತಾತನಾದ ನಾನು ಜೀವಮಾನವೆಲ್ಲ ಹಿಂದಿನ ಸಾಲಿನಲ್ಲಿ ಕೂತು ತಾಳ ಬಾರಿಸಿದವನಲ್ಲವೇ? ಎಲಿಂಗ್ಟನ್ ತಂಡದ ಡ್ರಮ್ಮರ್ ಸನ್ನಿ ಗ್ರಿಯರ್‌ನ ಕೈ ಹೇಗಿದೆ ನೋಡೋಣ ಅಂತ ಕೇಳುತ್ತಾ ಹೋದೆ. ಆ ತಾಳದ ಮೇಲೆ ಇವಳ ದನಿ ಸಿಕ್ಕಿತು.

ಎಲಿಂಗ್ಟನ್ ಕಟ್ಟಿದ್ದು ಬಿಗ್ ಬ್ಯಾಂಡ್. ಹಾಗಂದರೆ ಏನು ಅಂತ ಮೊದಲು ತಿಳಿದುಕೊ. 1930 ಮತ್ತು 40ರ ದಶಕಗಳಲ್ಲಿ ಅಮೆರಿಕದ ಜನ ಕುಣಿದದ್ದು ಈ ತಂಡಗಳ ಸಂಗೀತಕ್ಕೆ. ಟ್ರಂಪೆಟ್, ಟ್ರಾಂಬೋನ್, ಸ್ಯಾಕ್ಸೋಫೋನ್‌ಗಳದ್ದು ಒಂದೊಂದು ಸಾಲು; ಜೊತೆಗೆ ಪಿಯಾನೋ, ಗಿಟಾರ್, ಬೇಸ್, ಡ್ರಮ್ಸ್. ಒಟ್ಟು ಹದಿನಾಲ್ಕು ಹದಿನೈದು ಜನ. ಹೆಸರು ತಂಡದ ಯಜಮಾನನದು. ಅಲ್ಲಿ ಗಾಯಕಿ ಎಂದರೆ ಊಟದೆಲೆಯ ತುದಿಗೆ ಬಡಿಸಿದ ಉಪ್ಪಿನಕಾಯಿ. ಬದಿಯ ಕುರ್ಚಿಯಲ್ಲಿ ಸಿಂಗರಿಸಿಕೊಂಡು ಕೂತಿರಬೇಕು. ತಂಡ ಒಂದು ಸುತ್ತು ನುಡಿಸಿದ ಮೇಲೆ ಎದ್ದು ಮೈಕಿನ ಮುಂದೆ ಬಂದು ಒಂದು ಸುತ್ತು ಹಾಡಿ, ಮತ್ತೆ ಹೋಗಿ ಕೂರಬೇಕು. ಸಾಮಾನ್ಯವಾಗಿ ಆ ಒಂದು ಸುತ್ತಿಗೆ 32 ಬಾರ್, ಒಂದೊಂದು ಬಾರ್‌ಗೆ ನಾಲ್ಕು ಏಟು. ಮಧ್ಯಲಯದಲ್ಲಿ ಲೆಕ್ಕ ಹಾಕಿದರೆ ಒಂದು ನಿಮಿಷದ ಆಸುಪಾಸು. ಅಂದಿನ 78 ಆರ್‌ಪಿಎಂ ತಟ್ಟೆಯ ಒಂದು ಮುಖದಲ್ಲಿ ಹಿಡಿಸುತ್ತಿದ್ದದ್ದೇ ಮೂರು ನಿಮಿಷ ಚಿಲ್ಲರೆ. ಅದರಲ್ಲಿ ಗಾಯಕಿಯ ಪಾಲು ಅಷ್ಟೇ.

ಆ ಪಾಲಿನಲ್ಲಿ ಐವಿ ಏನು ಮಾಡಿದಳು ಅಂತ ತಿಳಿಯಬೇಕಾದರೆ 1932ರ ಫೆಬ್ರವರಿ 2ರಂದು ನ್ಯೂಯಾರ್ಕಿನಲ್ಲಿ ಬ್ರನ್ಸ್‌ವಿಕ್ ಕಂಪನಿಗಾಗಿ ಧ್ವನಿಮುದ್ರಣವಾದ 'ಇಟ್ ಡೋಂಟ್ ಮೀನ್ ಎ ಥಿಂಗ್' ಕೇಳು. ಅದು ಎಲಿಂಗ್ಟನ್ ಜೊತೆ ಅವಳ ಮೊದಲ ರೆಕಾರ್ಡು. ಬೆನ್ನಿ ಗುಡ್‌ಮನ್ ಎಂಬ ಇನ್ನೊಬ್ಬ ತಂಡದ ಯಜಮಾನ ಸ್ವಿಂಗ್ ಎಂಬ ಈ ಕುಣಿತದ ಸಂಗೀತದ ಹುಚ್ಚನ್ನು ದೇಶಕ್ಕೆಲ್ಲ ಹಿಡಿಸಿದ್ದು 1935ರಲ್ಲಿ. ಈ ಹಾಡು ಅದಕ್ಕಿಂತ ಮೂರು ವರ್ಷ ಮುಂಚಿನದು. ಶುರುವಿನಲ್ಲಿ ಬೇಸ್ ಮತ್ತು ಡ್ರಮ್ಸ್ ಮೇಲೆ ಐವಿ ಅರ್ಥವಿಲ್ಲದ ಸೊಲ್ಲುಗಳನ್ನು ಉದುರಿಸುತ್ತಾಳೆ. ನಮ್ಮಲ್ಲಿ ಜತಿ ಹೇಳುವವರಿಗೆ ಇರಬೇಕಾದಂಥ ಗಡಿಯಾರ ಅವಳ ನಾಲಿಗೆಯಲ್ಲಿದೆ. ಆಮೇಲೆ ಸುಮ್ಮನಾಗುತ್ತಾಳೆ. ಜೋ ನ್ಯಾಂಟನ್‌ನ ಟ್ರಾಂಬೋನ್ ಬಾಯಿಗೆ ಮುಚ್ಚಳ ಹಿಡಿದು ಗುರುಗುಟ್ಟುತ್ತದೆ. ಅದು ಮುಗಿದ ಮೇಲೆ ಮಾತುಗಳನ್ನು ಹಾಡುತ್ತಾಳೆ, ಒಂದೊಂದು ಅಕ್ಷರವೂ ಬಿಡಿಬಿಡಿಯಾಗಿ ಕೇಳುವ ಹಾಗೆ. ಅವಳ ಹಿಂದೆಯೇ ಜಾನಿ ಹಾಡ್ಜಸ್‌ನ ಸ್ಯಾಕ್ಸೋಫೋನ್ ಬರುತ್ತದೆ. ಅವಳು ಹಾಡಿದ್ದು ಸ್ವಲ್ಪ ಹೊತ್ತು ಮಾತ್ರ. ಆದರೆ ತೊಂಬತ್ತು ವರ್ಷ ದಾಟಿದ ಮೇಲೂ ಜನ ಆ ಹಾಡನ್ನು ಹಾಡುತ್ತಿರುವುದು ಅವಳು ಹಾಕಿಕೊಟ್ಟ ದಾರಿಯಲ್ಲಿ.

ಈ ಗತ್ತು ಎಲ್ಲಿಂದ ಬಂತು ಅಂತ ಕೇಳುತ್ತೀಯಾ? ಕಾಲಿನಿಂದ ಬಂತು ಅಂತ ನನ್ನ ನಂಬಿಕೆ. ಐವಿ ಹುಟ್ಟಿದ್ದು ಕ್ಯಾಲಿಫೋರ್ನಿಯಾದ ಗಿಲ್ರಾಯ್ ಎಂಬ ಊರಿನಲ್ಲಿ. ಕಾನ್ವೆಂಟ್ ಶಾಲೆಯಲ್ಲಿ ಹಾಡು ಕಲಿತಳು, ವಾಷಿಂಗ್ಟನ್‌ನಲ್ಲಿ ಇನ್ನಷ್ಟು ಪಾಠವಾಯಿತು. ದುಡಿಮೆಗೆ ಇಳಿದಾಗ ಮಾತ್ರ ಹಾಡಿನ ಜೊತೆ ಕುಣಿತವೂ ಬೇಕಾಯಿತು. ಕಪ್ಪುಜನರೇ ಬರೆದು ಆಡಿ ಬ್ರಾಡ್‌ವೇಯಲ್ಲಿ ಗೆದ್ದ 'ಷಫಲ್ ಅಲಾಂಗ್' ಸಂಗೀತ ನಾಟಕದ ತಿರುಗಾಟದ ತಂಡದಲ್ಲಿದ್ದಳು. 1925ರ ಸುಮಾರಿಗೆ ನ್ಯೂಯಾರ್ಕಿನ ಹಾರ್ಲೆಮ್‌ನಲ್ಲಿ ಕಾಟನ್ ಕ್ಲಬ್‌ನ ನರ್ತಕಿಯಾದಳು.

ಹಿಂದೆ ಕೂತು ಬಾರಿಸುವವನಿಗೆ ಹಾಡುವವರ ಮುಖ ಕಾಣುವುದಿಲ್ಲ ಮಗಳೇ, ಹಿಮ್ಮಡಿ ಕಾಣುತ್ತದೆ. ಕುಣಿತ ಗೊತ್ತಿರುವವರ ಹಿಮ್ಮಡಿ ಪಲ್ಲವಿಗೆ ಮುಂಚೆಯೇ ತಾಳದೊಳಗೆ ಸೇರಿಕೊಂಡಿರುತ್ತದೆ. ಹಾಡಿನ ನಡುವೆ ಕೀಬೋರ್ಡಿನವನು ತಡವರಿಸಿದರೂ ಅವರು ಎಡವುವುದಿಲ್ಲ. ಗೊತ್ತಿಲ್ಲದವರ ಹಿಮ್ಮಡಿ ನೆಲಕ್ಕೆ ಅಂಟಿಕೊಂಡಿರುತ್ತದೆ. ಅವರು ತಾಳವನ್ನು ಕಿವಿಯಲ್ಲಿ ಹುಡುಕುತ್ತಾರೆ, ಸಿಗುವಷ್ಟರಲ್ಲಿ ಕೂದಲೆಳೆಯಷ್ಟು ತಡವಾಗಿರುತ್ತದೆ. ಐವಿಯ ಹಾಡಿನಲ್ಲಿ ಆ ತಡ ಎಲ್ಲೂ ಕಾಣುವುದಿಲ್ಲ. ಬೇಕೆಂದೇ ಹಿಂದೆ ಸರಿಯುತ್ತಾಳೆ, ಬೇಕೆಂದ ಕಡೆ ಬಂದು ಕೂಡಿಕೊಳ್ಳುತ್ತಾಳೆ. ಹೀಗಾಗಿ ಎರಡು ಸ್ಟೆಪ್ ಹಾಕು ಅಂದವರ ಮೇಲಿನ ಸಿಟ್ಟನ್ನು ಕುಣಿತದ ಮೇಲೆ ತೀರಿಸಿಕೊಳ್ಳಬೇಡ. ನಾಳೆಯಿಂದ ಬರೀ ಹಾಡುತ್ತೇನೆ, ಗೆಜ್ಜೆ ಮುಟ್ಟುವುದಿಲ್ಲ ಅಂದೆಯಲ್ಲ, ಆ ಮಾತು ವಾಪಸ್ಸು ತಗೋ. ನಿನ್ನ ಲಯ ಅಲ್ಲಿದೆ.

ಇನ್ನು ಅವಮಾನದ ವಿಷಯ. ಕಾಟನ್ ಕ್ಲಬ್ ಇದ್ದದ್ದು ಕಪ್ಪುಜನರ ಬಡಾವಣೆಯ ನಡುವೆ. ಕುಣಿಯುವವರು, ನುಡಿಸುವವರು, ತಟ್ಟೆ ಲೋಟ ಹೊರುವವರು ಎಲ್ಲರೂ ಕಪ್ಪುಜನ. ದುಡ್ಡು ಕೊಟ್ಟು ಕೂತು ನೋಡುವವರು ಮಾತ್ರ ಬಿಳಿಯರು. ಯಜಮಾನ ಓನಿ ಮ್ಯಾಡೆನ್, ಕಳ್ಳಭಟ್ಟಿ ದಂಧೆಯ ದೊಡ್ಡ ಪಾತಕಿ. ಸಾಲು ನರ್ತಕಿಯರನ್ನು ಆರಿಸುವಾಗ ಎತ್ತರ ನೋಡುತ್ತಿದ್ದರು, ವಯಸ್ಸು ನೋಡುತ್ತಿದ್ದರು, ಮೈಬಣ್ಣ ಆದಷ್ಟು ತಿಳಿಯಾಗಿದೆಯೇ ಅಂತಲೂ ನೋಡುತ್ತಿದ್ದರು. ಅಂಥ ಕಡೆ ಕುಣಿದು ಸಂಬಳ ತೆಗೆದುಕೊಂಡವಳು ಇವಳು.

1928ರ ಜನವರಿಯಲ್ಲಿ ಸನ್ನಿ ಕ್ಲೇ ಎಂಬ ಪಿಯಾನೋ ವಾದಕನ ತಂಡದ ಜೊತೆ ಹಡಗಿನಲ್ಲಿ ಆಸ್ಟ್ರೇಲಿಯಾ ತಲುಪಿದಳು. ಸಿಡ್ನಿಯ ಟಿವೊಲಿ ರಂಗಮಂದಿರದಲ್ಲಿ ಕಾರ್ಯಕ್ರಮ, ಆಮೇಲೆ ಮೆಲ್ಬರ್ನ್‌ಗೆ ಪಯಣ. ಬಿಳಿಯರಲ್ಲದವರನ್ನು ದೇಶದೊಳಗೆ ನೆಲೆಯೂರಲು ಬಿಡಬಾರದು ಎಂಬುದೇ ಆಗ ಆ ದೇಶದ ನೀತಿ. ಮಾರ್ಚ್ ತಿಂಗಳಲ್ಲಿ ವಾದಕರು ತಂಗಿದ್ದ ಮನೆಗೆ ಪೊಲೀಸರು ನುಗ್ಗಿದರು. ಅಲ್ಲಿ ಬಿಳಿಯ ಹೆಣ್ಣುಮಕ್ಕಳು ಇದ್ದರು ಎಂಬುದೇ ದೊಡ್ಡ ಅಪರಾಧವಾಯಿತು. ಪತ್ರಿಕೆಗಳು ಹುಯಿಲೆಬ್ಬಿಸಿದವು. ನ್ಯಾಯಾಲಯದಲ್ಲಿ ಕೇಸು ನಿಲ್ಲಲಿಲ್ಲ, ಆದರೂ ತಂಡವನ್ನು ದೇಶ ಬಿಟ್ಟು ಕಳಿಸಿದರು. ಅಲ್ಲಿಂದ ಮುಂದೆ ಎರಡು ದಶಕಕ್ಕೂ ಹೆಚ್ಚು ಕಾಲ ಕಪ್ಪುವಾದಕರ ತಂಡಗಳಿಗೆ ಆ ದೇಶದ ಬಾಗಿಲು ಮುಚ್ಚಿತು. 1954ರಲ್ಲಿ ಕಪ್ಪುವಾದಕ ಲೂಯಿ ಆರ್ಮ್‌ಸ್ಟ್ರಾಂಗ್ ಹೋದದ್ದು ದೊಡ್ಡ ಸುದ್ದಿಯಾಯಿತು ಅಂದರೆ ನೀನೇ ಯೋಚಿಸು.

ಸಾಗರ ದಾಟಿ ಹೋಗಿ ಹೀಗೆ ವಾಪಸ್ಸು ಬಂದವಳು ಏನು ಮಾಡಬೇಕಿತ್ತು? ಕ್ಯಾಲಿಫೋರ್ನಿಯಾಕ್ಕೆ ಬಂದು ಮತ್ತೆ ಹಾಡಿದಳು. ಷಿಕಾಗೋಗೆ ಹೋಗಿ ಗ್ರ್ಯಾಂಡ್ ಟೆರೇಸ್ ಎಂಬಲ್ಲಿ ಅರ್ಲ್ ಹೈನ್ಸ್ ತಂಡಕ್ಕೆ ಹಾಡಿದಳು. ಅಲ್ಲಿದ್ದಾಗಲೇ 1931ರ ಫೆಬ್ರವರಿಯಲ್ಲಿ ಎಲಿಂಗ್ಟನ್ ಅವಳನ್ನು ಕರೆದುಕೊಂಡ. ಅವನ ತಂಡಕ್ಕೆ ಕಾಯಂ ಗಾಯಕಿ ಅಂತ ಬಂದ ಮೊದಲನೆಯವಳೇ ಅವಳು. 1933ರಲ್ಲಿ ತಂಡ ಲಂಡನ್ನಿಗೆ ಹೋದಾಗ ಪಲೇಡಿಯಂ ರಂಗಮಂದಿರದಲ್ಲಿ 'ಸ್ಟಾರ್ಮಿ ವೆದರ್' ಹಾಡಿ ಸಭೆಯನ್ನು ಗೆದ್ದಳು. ಒಂದು ದೇಶದಿಂದ ಹೊರಗೆ ಹಾಕಿಸಿಕೊಂಡು ಬಂದು ಆಗಿನ್ನೂ ಐದು ವರ್ಷ.

ಸ್ವದೇಶದಲ್ಲಿ ಕಷ್ಟ ತಪ್ಪಿತು ಅಂದುಕೊಳ್ಳಬೇಡ. ದಕ್ಷಿಣದ ರಾಜ್ಯಗಳಲ್ಲಿ ಕಪ್ಪುಜನರಿಗೆ ಹೋಟೆಲಿನಲ್ಲಿ ರೂಮಿಲ್ಲ, ಊಟವಿಲ್ಲ. ಅಲ್ಲಿ ತಿರುಗಾಟ ಹೋಗುವಾಗ ಎಲಿಂಗ್ಟನ್ ತಂಡಕ್ಕೆಂದೇ ರೈಲಿನ ಪುಲ್‌ಮನ್ ಬೋಗಿಗಳನ್ನು ಬಾಡಿಗೆಗೆ ಹಿಡಿದರು. ಅದರಲ್ಲೇ ಊಟ, ಅದರಲ್ಲೇ ನಿದ್ದೆ. ಸಂಜೆ ಐವಿ ಇಳಿದು ಸಭಾಂಗಣಕ್ಕೆ ಹೋಗಿ ಬಿಳಿಯ ಉಡುಪು ತೊಟ್ಟು ವೇದಿಕೆ ಏರುತ್ತಿದ್ದಳು. ತಂಡದ ಗಂಡಸರೂ ಅಷ್ಟೇ ಅಚ್ಚುಕಟ್ಟು. ದಾರಿಯ ದೂಳು ವೇದಿಕೆಯ ಮೇಲೆ ಕಾಣಬಾರದು ಎಂಬುದು ಎಲಿಂಗ್ಟನ್ ತಂಡದ ಶಿಸ್ತು. ನಿನ್ನ ಬಸ್ಸು ಕೆಟ್ಟದ್ದು, ಊಟ ತಡವಾದದ್ದು, ಗ್ರೀನ್ ರೂಮಿಗೆ ಚಿಲಕವಿಲ್ಲದ್ದು ಯಾವುದೂ ಮೊದಲ ಸಾಲಿನಲ್ಲಿ ಕೂತ ಅಜ್ಜಿಗೆ ಗೊತ್ತಾಗಬಾರದು. ಆದರೆ ಚಿಲಕ ಹಾಕಿಸಿ ಅಂತ ಸಂಘಟಕರಿಗೆ ಹೇಳದೆ ಬರಬೇಡ. ಇವೆರಡೂ ಬೇರೆ ಬೇರೆ ಕೆಲಸ, ಎರಡನ್ನೂ ಮಾಡಬೇಕು.

ನೀನು ಸಿನಿಮಾ ಹುಚ್ಚಿನವಳು, ಅದಕ್ಕೇ ಇದನ್ನು ಕೊಂಚ ಬಿಡಿಸಿ ಹೇಳುತ್ತೇನೆ. 1937ರಲ್ಲಿ ಬಂದ, ಹಾಸ್ಯನಟರಾದ ಮಾರ್ಕ್ಸ್ ಸಹೋದರರ 'ಎ ಡೇ ಅಟ್ ದಿ ರೇಸಸ್' ಚಿತ್ರದಲ್ಲಿ ಐವಿ ಇದ್ದಾಳೆ. ರೇಸ್‌ಕೋರ್ಸಿನ ಕುದುರೆಲಾಯದ ಹಿಂದಿನ ಬಡವರ ಕೇರಿ. ಆ ಸಹೋದರರಲ್ಲಿ ಒಬ್ಬನಾದ ಹಾರ್ಪೋ ಪೀಪಿ ಊದುತ್ತಾ ಮನೆಮನೆಗೆ ಹೋಗುತ್ತಾನೆ, ಜನ ಹಿಂಬಾಲಿಸುತ್ತಾರೆ. ಐವಿ 'ಆಲ್ ಗಾಡ್ಸ್ ಚಿಲ್ಲನ್ ಗಾಟ್ ರಿದಂ' ಎತ್ತಿಕೊಳ್ಳುತ್ತಾಳೆ, ಅದರ ಹಿಂದೆಯೇ ಹಾರ್ಲೆಮ್‌ನ ಲಿಂಡಿ ಹಾಪ್ ಕುಣಿತಗಾರರು ಗಾಳಿಯಲ್ಲಿ ಹಾರಾಡಿಬಿಡುತ್ತಾರೆ. ಆ ವರ್ಷದ ನೃತ್ಯ ನಿರ್ದೇಶನದ ಆಸ್ಕರ್‌ಗೆ ಈ ಚಿತ್ರ ನಾಮನಿರ್ದೇಶನಗೊಂಡಿತು. ನೋಡಿದರೆ ನಿನ್ನ ಕಾಲು ಸುಮ್ಮನಿರುವುದಿಲ್ಲ. ಅದೇ ದೃಶ್ಯದ ಕೊನೆಯಲ್ಲಿ ಮಾರ್ಕ್ಸ್ ಸಹೋದರರು ಪೊಲೀಸಿನವರಿಂದ ತಪ್ಪಿಸಿಕೊಳ್ಳಲು ಮುಖಕ್ಕೆ ಗಾಡಿಯ ಕೀಲೆಣ್ಣೆಯ ಮಸಿ ಬಳಿದುಕೊಂಡು ಕಪ್ಪುಜನರ ನಡುವೆ ಸೇರಿಕೊಳ್ಳುತ್ತಾರೆ. ಜನ ನಗಲಿ ಅಂತ ಮಾಡಿದ್ದು. ಇಡೀ ಕಥೆಯಲ್ಲಿ ಅವಳಿಗೂ ಆ ಕುಣಿತಗಾರರಿಗೂ ಬೇರೆ ಕೆಲಸವೇ ಇಲ್ಲ.

ಅದನ್ನು ನೋಡುವಾಗ ಎರಡೂ ಕಾಣಬೇಕು ನಿನಗೆ. ಆ ಹಾಡು ಅವಳದು, ಆ ಮಸಿ ಅವರದು. ಕೂಲಿ ಕೊಡುವವನು ನಿನಗೆ ಕಟ್ಟುವ ಬೆಲೆಯನ್ನು ನಿನ್ನ ಬೆಲೆ ಅಂತ ಒಪ್ಪಿಕೊಳ್ಳಬೇಕಾಗಿಲ್ಲ.

ಅವಳು ಒಪ್ಪಿಕೊಂಡಿರಲಿಲ್ಲ ಅಂತ ಯಾಕೆ ಹೇಳುತ್ತೇನೆ ಗೊತ್ತಾ? ನಾಲ್ಕು ವರ್ಷದ ಮೇಲೆ, 1941ರ ಜುಲೈ 10ರಂದು, ಲಾಸ್ ಏಂಜಲೀಸ್‌ನ ಮಾಯನ್ ರಂಗಮಂದಿರದಲ್ಲಿ 'ಜಂಪ್ ಫಾರ್ ಜಾಯ್' ಎಂಬ ಪ್ರದರ್ಶನ ಶುರುವಾಯಿತು. ಸಂಗೀತ ಎಲಿಂಗ್ಟನ್‌ನದು, ವೇದಿಕೆಯ ಮೇಲೆ ಕಪ್ಪುಕಲಾವಿದರು. ಕಪ್ಪುಜನರನ್ನು ನಗೆಪಾಟಲು ಮಾಡುವ ಹಳೇ ಚಾಳಿಯನ್ನು ರಂಗದಿಂದ ಓಡಿಸಬೇಕು ಅಂತಲೇ ಕಟ್ಟಿದ ಪ್ರದರ್ಶನ ಅದು. ಅದರಲ್ಲಿ ಐವಿ ಇದ್ದಳು. ಅವಳ ಹಾಗೆಯೇ ಹಾಡೂ ಕುಣಿತವೂ ಬಲ್ಲ ಮರೀ ಬ್ರಯಂಟ್ ಎಂಬ ಇನ್ನೊಬ್ಬಳೂ ಇದ್ದಳು. ಅವಳ ಹೆಸರೂ ಹೆಚ್ಚು ಜನಕ್ಕೆ ಗೊತ್ತಿಲ್ಲ.

ಆ ಪ್ರದರ್ಶನದ 'ಐ ಗಾಟ್ ಇಟ್ ಬ್ಯಾಡ್' ಹಾಡನ್ನು ಜೂನ್ ತಿಂಗಳಲ್ಲೇ ಹಾಲಿವುಡ್‌ನಲ್ಲಿ ಧ್ವನಿಮುದ್ರಿಸಿಕೊಂಡಿದ್ದರು. ಈ ಹಾಡನ್ನು ಕಣ್ಣು ಮುಚ್ಚಿ ಕೇಳು. ತನ್ನನ್ನು ಚೆನ್ನಾಗಿ ನೋಡಿಕೊಳ್ಳದವನ ಮೇಲಿನ ಪ್ರೀತಿಯ ಬಗ್ಗೆ ಒಬ್ಬ ಹೆಂಗಸು ಹೇಳಿಕೊಳ್ಳುತ್ತಾಳೆ, ಲಯ ತೀರ ನಿಧಾನ. ಹಾಡ್ಜಸ್‌ನ ಸ್ಯಾಕ್ಸೋಫೋನ್ ಜೇನಿಳಿದಂತೆ ಜಾರುತ್ತದೆ ಅಂತ ಎಲ್ಲರೂ ಹೊಗಳುತ್ತಾರೆ, ಹೊಗಳಲಿ. ನೀನು ಐವಿಯನ್ನು ಗಮನಿಸು. ವಾದ್ಯ ಜಾರುವ ಕಡೆ ಅವಳು ಜಾರುವುದಿಲ್ಲ. ಮಾತನ್ನು ನೇರವಾಗಿ ಇಡುತ್ತಾಳೆ, ಅಳುವುದಿಲ್ಲ, ಗಮಕ ತುರುಕುವುದಿಲ್ಲ. ಅವನಿಗೆ ಜಾಗ ಬಿಟ್ಟಿದ್ದಾಳೆ, ಅದಕ್ಕೇ ಅವನು ಅಷ್ಟು ಚೆನ್ನಾಗಿ ಕೇಳಿಸುತ್ತಾನೆ. ತಾನು ಬಿಟ್ಟದ್ದರಿಂದಲೇ ತಾನೂ ಉಳಿದಿದ್ದಾಳೆ. ಈಗಿನ ಹುಡುಗ ಹುಡುಗಿಯರು ಒಂದು ಸಾಲು ಸಿಕ್ಕರೆ ಕಲಿತದ್ದನ್ನೆಲ್ಲ ಅದರಲ್ಲಿ ಸುರಿದುಬಿಡುತ್ತೀರಿ. ತೀರ್ಪುಗಾರರು ತಲೆದೂಗಬಹುದು, ಹಾಡು ಮಾತ್ರ ಉಸಿರು ಕಟ್ಟಿ ಒದ್ದಾಡುತ್ತದೆ.

ಹಿಂದೆ ಕೂತವರ ಜೊತೆ ಮಾತಾಡುವುದನ್ನೂ ಅವಳಿಂದ ಕಲಿ. ವೇದಿಕೆಯ ಮೇಲೆ ಐವಿಗೂ ಸನ್ನಿ ಗ್ರಿಯರ್‌ಗೂ ಜುಗಲಬಂದಿಯೇ ನಡೆಯುತ್ತಿತ್ತು. ಅವಳು ಒಂದು ಸಾಲು ಹಾಡುವುದು, ಅವನು ಡ್ರಮ್ಸ್ ಹಿಂದಿನಿಂದಲೇ ತಮಾಷೆಯ ಉತ್ತರ ಕೊಡುವುದು, ಸಭೆ ಬಿದ್ದು ಬಿದ್ದು ನಗುವುದು. ಡ್ರಮ್ಮರ್ ಅಂದರೆ ಪೀಠೋಪಕರಣ ಅಂದುಕೊಂಡವರಿಗೆ ಇದು ಆಗದ ಕೆಲಸ. ನಿಮ್ಮ ತಂಡದ ರಿದಂ ಪ್ಯಾಡಿನ ಹುಡುಗನ ಹೆಸರು ಕೇಳಿದ್ದಕ್ಕೆ 'ಯಾರೋ ಒಬ್ಬ' ಅಂದೆಯಲ್ಲ? ನಾಳೆ ಹೋಗಿ ಮೊದಲು ಅವನ ಹೆಸರು ಕೇಳು. ಕೊಳಲಿನವರು ಎಲ್ಲಿ ಉಸಿರು ತೆಗೆದುಕೊಳ್ಳುತ್ತಾರೆ ನೋಡು. ನಿನ್ನ ಹೆಸರು ಪೋಸ್ಟರಿನಲ್ಲಿಲ್ಲ ಅನ್ನುವ ನೀನು ಅವರ ಹೆಸರು ತಿಳಿಯದೆ ಇರಬಾರದು.

ಕೊನೆಯದಾಗಿ ಉಸಿರಿನ ಮಾತು, ಅನ್ನದ ಮಾತು. ಐವಿಗೆ ಆಸ್ತಮಾ ಇತ್ತು. ಊರೂರು ಅಲೆದು, ಸಿಗರೇಟು ಹೊಗೆ ತುಂಬಿದ ಹಾಲುಗಳಲ್ಲಿ ರಾತ್ರಿಯೆಲ್ಲ ಹಾಡುವ ಬದುಕು ಅದಕ್ಕೆ ಒಗ್ಗುವಂಥದ್ದಲ್ಲ. 1942ರಲ್ಲಿ ತಂಡ ಬಿಟ್ಟಳು. ಅದೇ ವರ್ಷದ ಆಗಸ್ಟಿನಲ್ಲಿ ಅಮೆರಿಕದ ವಾದಕರ ಸಂಘ ರೆಕಾರ್ಡಿಂಗ್ ಮುಷ್ಕರ ಹೂಡಿತು. ವಾದಕರು ಸ್ಟುಡಿಯೋಗೆ ಹೋಗುವಂತಿಲ್ಲ, ಗಾಯಕರಿಗೆ ಆ ಕಟ್ಟಿಲ್ಲ. ಅದೇ ಸುಮಾರಿಗೆ ಗಾಯಕ ಫ್ರ್ಯಾಂಕ್ ಸಿನಾತ್ರ ಟಾಮಿ ಡಾರ್ಸಿಯ ತಂಡ ಬಿಟ್ಟು ತನ್ನದೇ ಹೆಸರಿನಲ್ಲಿ ನಿಂತ. ಕೆಲವೇ ವರ್ಷಗಳಲ್ಲಿ ಎಲ್ಲ ತಲೆಕೆಳಗಾಯಿತು: ಹೆಸರು ಗಾಯಕರದು, ತಂಡ ಬೆನ್ನ ಹಿಂದೆ. ಬದಿಯ ಕುರ್ಚಿಯಲ್ಲಿ ಕಾದು ಕೂತಿದ್ದವರ ಕಾಲ ಬಂದಾಗ ಐವಿಯ ಎದೆ ಅವಳ ಕೈಯಲ್ಲಿರಲಿಲ್ಲ.

ಅವಳು ಬೀದಿಗೆ ಬೀಳಲಿಲ್ಲ ಅನ್ನುವುದು ನಿನಗೆ ತಿಳಿದಿರಲಿ. ತಂಡ ಬಿಡುವ ಹೊತ್ತಿಗೆ ಲಾಸ್ ಏಂಜಲೀಸ್‌ನಲ್ಲಿ ಕಪ್ಪುಜನರ ಬಾಳಿನ ನಡುಬೀದಿಯಾಗಿದ್ದ ಸೆಂಟ್ರಲ್ ಅವೆನ್ಯೂ ಮತ್ತು ವರ್ನನ್ ರಸ್ತೆ ಕೂಡುವ ಕಡೆ 'ಐವೀಸ್ ಚಿಕನ್ ಶ್ಯಾಕ್' ಅಂತ ಕೋಳಿ ಊಟದ ಹೋಟೆಲು ತೆರೆದಿದ್ದಳು. ಎಲಿಂಗ್ಟನ್ ಹೆಸರಿನ ತಂಡದಲ್ಲಿ ಹಾಡಿದವಳ ಹೋಟೆಲಿನ ಬೋರ್ಡಿನ ಮೇಲೆ ಇದ್ದದ್ದು ಅವಳದೇ ಹೆಸರು. ಆರೋಗ್ಯ ಬಿಟ್ಟಷ್ಟು ಆಮೇಲೂ ಹಾಡಿದಳು, 1946ರಲ್ಲಿ ಒಂದಷ್ಟು ರೆಕಾರ್ಡು ಕೊಟ್ಟಳು. 1949ರ ಡಿಸೆಂಬರ್ 28ರಂದು ತೀರಿಕೊಂಡಾಗ ಇನ್ನೂ ನಲವತ್ತರ ಹರೆಯ. ಅವಳು ಬಿಟ್ಟ ಜಾಗಕ್ಕೆ ಎಲಿಂಗ್ಟನ್ ಬೆಟ್ಟಿ ರೋಷೆ, ಜೋಯಾ ಶೆರಿಲ್, ಕೇ ಡೇವಿಸ್ ಹೀಗೆ ಒಬ್ಬರ ಮೇಲೊಬ್ಬರನ್ನು ಕರೆದುಕೊಂಡ. ಎಲ್ಲರೂ ಒಳ್ಳೆಯ ಗಾಯಕಿಯರೇ. ಹನ್ನೊಂದು ವರ್ಷ ಒಬ್ಬಳೇ ತುಂಬಿಕೊಂಡಿದ್ದ ಜಾಗಕ್ಕೆ ಇಷ್ಟು ಜನ ಬೇಕಾಯಿತು.

ಬಿಎಡ್ ಮುಗಿಸು ಅಂತ ನಿಮ್ಮಮ್ಮ ಹೇಳುವಾಗ ಮುಖ ಊದಿಸಿಕೊಳ್ಳುತ್ತೀಯಲ್ಲ, ಮುಗಿಸು. ಗಂಟಲು ಮೈಯ ಒಂದು ಭಾಗ, ಎಂದಾದರೂ ಕೈಕೊಡುತ್ತದೆ. ಅನ್ನಕ್ಕೆ ಇನ್ನೊಂದು ದಾರಿ ಇದ್ದವರು ಬೇಡದ ಕಾರ್ಯಕ್ರಮಕ್ಕೆ ಬೇಡ ಅನ್ನಬಹುದು. ಪೇಮೆಂಟು, ಪ್ರಯಾಣ, ತಂಗುವ ಜಾಗ, ಪೋಸ್ಟರಿನಲ್ಲಿ ಹೆಸರು, ಈ ನಾಲ್ಕನ್ನು ಒಪ್ಪಿಕೊಳ್ಳುವ ಮುಂಚೆಯೇ ಕೇಳು. ಕೇಳುವುದು ಜಂಬವಲ್ಲ ಕಣಮ್ಮ. ಕೊಡಲಿಲ್ಲ ಅಂದರೆ ಹಾಡುವುದೋ ಬಿಡುವುದೋ ನಿನಗೆ ಬಿಟ್ಟದ್ದು. ಹಾಡುತ್ತೇನೆ ಅಂತ ಒಪ್ಪಿಕೊಂಡ ಮೇಲೆ ಮಾತ್ರ ಅರೆಮನಸ್ಸಿನಲ್ಲಿ ಹಾಡಬೇಡ. ಹೆಸರು ಹಾಕಲಿಲ್ಲ ಅಂತ ಸಂಘಟಕರ ಮೇಲಿನ ಕೋಪದಲ್ಲಿ ಹಾಡನ್ನು ಕೆಡಿಸಿದರೆ ಅವರಿಗೇನೂ ನಷ್ಟವಿಲ್ಲ, ಕೆಟ್ಟ ಹಾಡು ನಿನ್ನ ಲೆಕ್ಕಕ್ಕೆ ಬೀಳುತ್ತದೆ. ಆ ಯುಗಳಗೀತೆಯ ಅರ್ಧ ನಿನ್ನದು ತಾನೆ? ಆ ಅರ್ಧವನ್ನು ಪೂರ್ತಿ ಹಾಡು.

ಇಂತಿ,
ನಿನ್ನ ತಾತ